ಎಂಟೂವರೆಯ ಮಳೆ

ನಮ್ಮ ಕಡೆ ಬೆಳಗ್ಗೆ ಎದ್ದು ಮುಖ ತೊಳೆಯದಿದ್ದರೂ ನಡೆಯುತ್ತದೆ, ಮಳೆ ಅಳೆಯದಿದ್ದರೆ ನಡೆಯುವುದಿಲ್ಲ. ಅರ್ಧ ಎಕರೆ ಕಾಫಿ ಇರುವವರಾಗಲಿ, ಗುಡ್ಡಗುಡ್ಡವೇ ಎಸ್ಟೇಟ್ ಇರುವವರಾಗಲಿ, ಅಂಗಳದಲ್ಲಿ ಒಂದು ಮಳೆ ಅಳೆಯುವ ಡಬ್ಬ ನೆಟ್ಟಿರಲೇಬೇಕು. ಎಂಟು ಗಂಟೆಗೆ ಅದರ ನೀರನ್ನು ಗಾಜಿನ ಅಳತೆಗೆ ಬಗ್ಗಿಸಿ, ಕಣ್ಣು ಕಿರಿದು ಮಾಡಿ ನೋಡಿ, ಇಂಚು ಇಷ್ಟು, ಇಂಚಿನ ನೂರರಲ್ಲೊಂದು ಪಾಲಾದ ಸೆಂಟು ಇಷ್ಟು ಅಂತ ಹೇಳಿದರೇ ಆ ದಿನ ಶುರು. ಮದುವೆ ಮನೆಯಲ್ಲಿ ಇಬ್ಬರು ಬೆಳೆಗಾರರು ಎದುರಾದರೆ "ಚೆನ್ನಾಗಿದ್ದೀರಾ" ಅನ್ನುವುದಕ್ಕೆ ಮೊದಲು "ನಿಮ್ಮಲ್ಲಿ ಎಷ್ಟು ಬಿತ್ತು?" ಅನ್ನುತ್ತಾರೆ. ಸಾವಿನ ಮನೆಯಲ್ಲೂ ಕೇಳಿದ್ದನ್ನು ನಾನು ಕಂಡಿದ್ದೇನೆ.

ಅದರಲ್ಲೂ ಕಳ್ಳಾಟ ಇದೆ. ಬೇಸಿಗೆಯಲ್ಲಿ ಕಾಫಿ ಮೊಗ್ಗು ಅರಳಿಸುವ ಹೂಮಳೆ ತಮ್ಮ ತೋಟಕ್ಕೆ ಮಾತ್ರ ಬಿದ್ದರೆ, ದೃಷ್ಟಿಯಾಗಬಾರದು ಅಂತ ಕಡಿಮೆ ಹೇಳುತ್ತಾರೆ. ಆಷಾಢದಲ್ಲಿ ಪಕ್ಕದ ತೋಟದವರಿಗಿಂತ ಒಂದಿಷ್ಟು ಜಾಸ್ತಿಯೇ ಹೇಳುತ್ತಾರೆ, ನಮ್ಮ ಮಳೆ ಏನು ಕಮ್ಮಿಯಾ ಅಂತ! ಈ ಸುಳ್ಳು, ನಿಜ, ಜಂಭ ಎಲ್ಲವನ್ನೂ ಫೋನಿನಲ್ಲಿ ಕೇಳಿಕೊಂಡು, ಬೆಳಗ್ಗೆ ಎಂಟೂವರೆಗೆ ಸರ್ಕಾರದ ರೇಡಿಯೋದಲ್ಲಿ ಓದುವವಳು ನಾನು.

ಕೆಲಸದ ಹೆಸರು ಕ್ಯಾಶುವಲ್. ಅಂದರೆ ಕರೆದ ದಿನ ಡ್ಯೂಟಿ, ಕರೆಯದ ದಿನ ಮನೆ. ಬಣಕಲ್‌ನಲ್ಲಿ ನಮ್ಮದೊಂದು ದಿನಸಿ ಅಂಗಡಿ, ನಮ್ಮ ಯಜಮಾನರು ನೋಡಿಕೊಳ್ಳುತ್ತಾರೆ. ನಾನು ಮೊದಲ ಬಸ್ಸು ಹತ್ತಿ ಸ್ಟೇಷನ್ನಿಗೆ ಹೋಗುತ್ತೇನೆ. ಸ್ಟೇಷನ್ ಯಾವ ಊರಲ್ಲಿದೆ ಅಂತ ಹೇಳುವುದಿಲ್ಲ, ಹೇಳಿದರೆ ಒಬ್ಬ ಒಳ್ಳೆ ಮನುಷ್ಯನ ಹೊಟ್ಟೆಯ ಮೇಲೆ ಹೊಡೆದ ಹಾಗಾಗುತ್ತದೆ. ಸಣ್ಣ ಸ್ಟೇಷನ್, ಒಂದು ಗೋಪುರ, ಎರಡು ಕೋಣೆ, ಪಾಚಿ ಕಟ್ಟಿದ ಮೆಟ್ಟಿಲು.

ಕಾರ್ಯಕ್ರಮದಲ್ಲಿ ಮೊದಲು ಮಳೆ, ಆಮೇಲೆ ದಾರಿ. ಯಾವ ರಸ್ತೆಗೆ ಮರ ಬಿದ್ದಿದೆ, ಯಾವ ಸೇತುವೆ ಮುಳುಗಿದೆ, ಯಾವ ಬಸ್ಸು ಬರುವುದಿಲ್ಲ. ಮಳೆಯ ಲೆಕ್ಕ ಜಂಭಕ್ಕೆ, ದಾರಿಯ ಸುದ್ದಿ ಜೀವಕ್ಕೆ. ಕೇಳುವವರಲ್ಲಿ ಒಂದು ರೂಢಿ ಬೆಳೆದುಬಿಟ್ಟಿತ್ತು. ರೇಡಿಯೋದಲ್ಲಿ ತಮ್ಮ ದಾರಿಯ ಹೆಸರು ಬಂದರೆ ಮನೆಯಲ್ಲೇ ಇರುವುದು, ಹೆಸರು ಬರಲಿಲ್ಲವೋ, ದಾರಿ ಸರಿ ಇದೆ ಅಂತ ಹೊರಟುಬಿಡುವುದು. ಯಾರೂ ಹೇಳಿಕೊಟ್ಟದ್ದಲ್ಲ, ವರ್ಷಗಳಿಂದ ಹಾಗೇ ಆಗಿಹೋಗಿತ್ತು.

ಫೋನ್ ಮಾಡುವವರಲ್ಲಿ ಒಬ್ಬರು ಕಳಸದ ಆಚೆಯ ಒಬ್ಬ ಅಮ್ಮ. ಸಣ್ಣ ತೋಟ, ದೊಡ್ಡ ಬಾಯಿ. ಅವರ ಮನೆಯಲ್ಲಿ ಸಿಗ್ನಲ್ ಇಲ್ಲ, ತೋಟದ ಮೇಲಿನ ಬಂಡೆಯ ಹತ್ತಿರ ಮಾತ್ರ ಸಿಗುತ್ತದೆ. ಮಳೆಯಲ್ಲಿ ಕೊಡೆ ಹಿಡಿದು ಬಂಡೆಯ ಹತ್ತಿರ ನಿಂತು, "ಬರ್ಕೊ ಮಾರಾಯ್ತಿ, ನಿನ್ನೆ ಆಕಾಶವೇ ತೂತು ಬಿದ್ದಿತ್ತು" ಅಂತ ಶುರು ಮಾಡಿದರೆ, ನಡುವೆ ನಾನು ಹೂಂ ಅನ್ನುವುದಕ್ಕೂ ಜಾಗ ಬಿಡುತ್ತಿರಲಿಲ್ಲ. ಅವರ ಯಜಮಾನರಿಗೆ ಎರಡೂ ಕಿಡ್ನಿ ಹೋಗಿದ್ದವು. ವಾರಕ್ಕೆ ಎರಡು ಸಲ ಜೀಪಿನಲ್ಲಿ ಚಿಕ್ಕಮಗಳೂರಿಗೆ ಕರೆತಂದು ಡಯಾಲಿಸಿಸ್ ಮಾಡಿಸಬೇಕು. ಬರುವುದಕ್ಕೆ ಎರಡು ದಾರಿ, ಕೊಟ್ಟಿಗೆಹಾರದ ಮೇಲೆ ಒಂದು, ಬಾಳೆಹೊನ್ನೂರಿನ ಮೇಲೆ ಇನ್ನೊಂದು. ಒಂದು ದಾರಿಯಲ್ಲಿ ಸಿಕ್ಕಿಹಾಕಿಕೊಂಡರೆ ವಾಪಸ್ ಬಂದು ಇನ್ನೊಂದು ಹಿಡಿಯುವಷ್ಟರಲ್ಲಿ ಆಸ್ಪತ್ರೆಯ ಮಿಷನ್ ಬೇರೆಯವರಿಗೆ ಹೋಗಿರುತ್ತದೆ. ಹಾಗಾಗಿ ಜೀಪು ಸ್ಟಾರ್ಟ್ ಮಾಡಿಟ್ಟು, ನಾನು ಓದಿ ಮುಗಿಸುವವರೆಗೆ ಕಾದು, ಆಮೇಲೆ ಗೇರ್ ಹಾಕುತ್ತಿದ್ದರು. ಆ ಮುದುಕರ ರಕ್ತ ಸೋಸುವುದು ಆಸ್ಪತ್ರೆಯ ಮಿಷನ್ನೇ ಆದರೂ ಅಲ್ಲಿಗೆ ಮುಟ್ಟಿಸುತ್ತಿದ್ದದ್ದು ನಮ್ಮ ರೇಡಿಯೋ. ಜಂಭ ಅಂದುಕೊಂಡರೆ ಅಂದುಕೊಳ್ಳಿ, ನನಗೇನು.

ಹೀಗಿರುವಾಗ ಮೇಲಿನ ಆಫೀಸಿನಿಂದ ಒಂದು ಆರ್ಡರ್ ಬಂತು. ಆದಾಯ ತರದ, ಕೇಳುಗರಿಲ್ಲದ ಸ್ಥಳೀಯ ಕಾರ್ಯಕ್ರಮಗಳನ್ನು ನಿಲ್ಲಿಸಿ, ಆ ಹೊತ್ತಿನಲ್ಲಿ ರಾಜಧಾನಿಯ ಕಾರ್ಯಕ್ರಮ ಹಾಕತಕ್ಕದ್ದು. ನಮ್ಮ ಸ್ಟೇಷನ್ನಿನ ಮುಖ್ಯಸ್ಥರು ಬಯಲುಸೀಮೆಯವರು, ಸಭ್ಯ ಮನುಷ್ಯ, ಹಾವೂ ಸಾಯಬಾರದು ಕೋಲೂ ಮುರಿಯಬಾರದು ಅನ್ನುವ ಸ್ವಭಾವ. ಆರ್ಡರ್ ನನ್ನ ಮುಂದಿಟ್ಟು, "ಮೇಡಂ, ಒಬ್ಬ ಸ್ಪಾನ್ಸರ್ ಹಿಡಿದ್ರೆ ಉಳ್ಕೋತೀವಿ" ಅಂದರು.

"ಸ್ಪಾನ್ಸರ್ ಯಾಕೆ ಸಾರ್? ಇದು ಸರ್ಕಾರದ್ದಲ್ವಾ?"

"ಸರ್ಕಾರದ ಹತ್ರ ದುಡ್ಡೆಲ್ಲಿದೆ ಮೇಡಂ? ಈಗ ಎಲ್ಲಾ ಅವರವರೇ ದುಡ್ಕೋಬೇಕು."

ನನಗೆ ಮೈಯೆಲ್ಲಾ ಉರಿಯಿತು. ನಮ್ಮೂರುಗಳಲ್ಲಿ ಹಳ್ಳಕ್ಕೆ ಕಾಲುಸಂಕ ಕಟ್ಟುತ್ತಾರೆ. ಮಳೆಗಾಲಕ್ಕೆ ಮೊದಲು ಊರವರೆಲ್ಲ ಸೇರಿ ಅಡಿಕೆ ಮರದ ದಿಮ್ಮಿ ಜೋಡಿಸಿ, ಕೈಗೆ ಹಿಡಿಯಲು ಬಿದಿರು ಕಟ್ಟಿ, ಆಚೆ ಈಚೆ ದಾಟುವ ಹಾಗೆ ಮಾಡುತ್ತಾರೆ. ಮರ ಇದ್ದವರು ಮರ ಕೊಡುತ್ತಾರೆ, ತೋಳು ಇದ್ದವರು ತೋಳು ಕೊಡುತ್ತಾರೆ. ಆಚೆ ದಡದಲ್ಲಿ ಒಂದೇ ಮನೆ ಇದ್ದರೂ ಕಟ್ಟುತ್ತಾರೆ. "ಈ ಸಂಕದಿಂದ ಆದಾಯ ಎಷ್ಟು ಬರ್ತದೆ" ಅಂತ ಯಾರಾದರೂ ಕೇಳಿದರೆ ಅವನನ್ನು ಎತ್ತಿ ಅದೇ ಹಳ್ಳಕ್ಕೆ ಹಾಕುತ್ತಾರೆ. ಇದನ್ನೆಲ್ಲ ಸಾರ್‌ಗೆ ಹೇಳಿದೆ. ನನ್ನ ಅಪ್ಪ ಪೋಸ್ಟ್ ಆಫೀಸಿನಲ್ಲಿ ವರ್ಷ ವರ್ಷ ರೇಡಿಯೋ ಲೈಸೆನ್ಸ್ ಕಟ್ಟುತ್ತಿದ್ದದ್ದನ್ನೂ ಹೇಳಿದೆ. ಕಟ್ಟಿ ಬಂದ ದಿನ ಅವರು ವಾಲ್ಯೂಮ್ ಸ್ವಲ್ಪ ಜೋರಾಗಿಯೇ ಇಡುತ್ತಿದ್ದರು, ಇದು ನಮ್ಮದು ಅನ್ನುವ ಹಾಗೆ. ಈಗ ಲೈಸೆನ್ಸ್ ಇಲ್ಲ, ಆದರೆ ಬೆಂಕಿಪೊಟ್ಟಣ ಕೊಂಡರೂ ತೆರಿಗೆ ಕಟ್ಟುತ್ತೇವಲ್ಲ, ಅದೆಲ್ಲಿಗೆ ಹೋಯಿತು? ಸಾರ್ ಪಾಪ, ನನ್ನ ಮಾತು ಮುಗಿಯುವವರೆಗೂ ಕೇಳಿ, "ಆದ್ರೂ ಒಬ್ಬ ಸ್ಪಾನ್ಸರ್ ನೋಡೋಣ ಮೇಡಂ" ಅಂದರು.

ಸ್ಪಾನ್ಸರ್ ಸಿಕ್ಕರು. ಮೂಡಿಗೆರೆ ಕಡೆಯ ದೊಡ್ಡ ಸಾಹುಕಾರರು, ಎಸ್ಟೇಟಿನ ಜೊತೆಗೆ ರೆಸಾರ್ಟ್ ಇಟ್ಟವರು. ಅಂದಿನಿಂದ ನಾನು ಮಳೆ ಓದುವ ಮೊದಲು ಅವರ ರೆಸಾರ್ಟಿನ ಹೆಸರು, ಓದಿದ ಮೇಲೆ ಅವರ ರೆಸಾರ್ಟಿನ ಹೆಸರು. ಇರಲಿ, ಹೆಸರು ಹೇಳಿದರೆ ನನ್ನ ಹಲ್ಲೇನೂ ಉದುರುವುದಿಲ್ಲ ಅಂತ ಸಹಿಸಿಕೊಂಡೆ. ಮಳೆ ಬಲವಾಗುತ್ತಿದ್ದಂತೆ ಸಾಹುಕಾರರೇ ಒಂದು ದಿನ ಸ್ಟೇಷನ್ನಿಗೆ ಬಂದರು. ಕೂತು ಕಾಫಿ ಕುಡಿದು, ಬಹಳ ನಯವಾಗಿ ಮಾತು ತೆಗೆದರು.

"ನೋಡಮ್ಮಾ, ನೀವು ಚೆನ್ನಾಗೇ ಓದ್ತೀರಿ. ಆದ್ರೆ ಗುಡ್ಡ ಜರಿತು, ರಸ್ತೆ ಬಂದ್, ಇದೆಲ್ಲ ಯಾಕೆ? ಜನ ಹೆದರಿ ಬುಕಿಂಗ್ ಕ್ಯಾನ್ಸಲ್ ಮಾಡ್ತಿದಾರೆ. ಮಳೆ ಎಷ್ಟು ಅಂತ ಓದಿ, ದಾರಿ ವಿಷಯ ಬಿಟ್ಬಿಡಿ."

"ಸಾಹುಕಾರ್ರೆ, ನಿಮ್ಮ ಗೆಸ್ಟುಗಳ ಕಾರು ಹಳ್ಳಕ್ಕೆ ಬಿದ್ರೆ ಅವತ್ತು ಏನು ಓದ್ಬೇಕು? ಅದನ್ನೂ ಈಗ್ಲೇ ಹೇಳ್ಬಿಡಿ" ಅಂದೆ.

ಅವರ ಮುಖ ಗಂಟಾಯಿತು. ಸಾರ್ ನನ್ನನ್ನು ಹೊರಗೆ ಕರೆದು, "ಸ್ವಲ್ಪ ಅಡ್ಜಸ್ಟ್ ಮಾಡ್ಕೊಳ್ಳಿ ಮೇಡಂ, ಕಾರ್ಯಕ್ರಮ ಉಳೀಲಿ" ಅಂತ ಕೈ ಮುಗಿಯುವ ಹಾಗೆ ಮಾಡಿದರು. ದಾರಿಯ ಸುದ್ದಿ ತೆಗೆದ ಮೇಲೆ ಉಳಿಯುವುದು ಏನು? ಚುಟುಕಾಗಿಯಾದರೂ ದಾರಿಯನ್ನು ಓದುತ್ತಲೇ ಇದ್ದೆ. ಸಾಹುಕಾರರು ಕೆಟ್ಟವರು ಅಂತ ನಾನು ಹೇಳುವುದಿಲ್ಲ. ಅವರ ದುಡ್ಡು, ಅವರಿಗೆ ಬೇಕಾದ ಮಾತು. ತಪ್ಪು, ಎಲ್ಲರ ದುಡ್ಡಿನಲ್ಲಿ ಎಲ್ಲರಿಗೆ ಬೇಕಾದ ಮಾತು ಆಡಬೇಕಾದ ಜಾಗವನ್ನು ಒಬ್ಬರ ಕೈಗೆ ಕೊಟ್ಟವರದ್ದು.

ಆಮೇಲೆ ಬಂತು ನೋಡಿ ಮಳೆ. ಮಲ್ಲಂದೂರಿನಿಂದ ಕುದುರೆಮುಖದವರೆಗೆ ಎಲ್ಲೆಲ್ಲೂ ಕಂಬ ಉರುಳಿ ಕರೆಂಟ್ ಹೋಯಿತು. ಕರೆಂಟ್ ಹೋದರೆ ಮೊಬೈಲ್ ಟವರಿಗೆ ಡೀಸೆಲ್, ಡೀಸೆಲ್ ತರುವುದಕ್ಕೆ ರಸ್ತೆ ಬೇಕು, ರಸ್ತೆಗೆ ಮರ ಬಿದ್ದಿದೆ. ಟವರು ಒಂದೊಂದಾಗಿ ಸತ್ತವು. "ಈಗ ಎಲ್ಲರ ಕೈಲೂ ಮೊಬೈಲ್ ಇದೆ, ರೇಡಿಯೋ ಯಾರಿಗೆ ಬೇಕು" ಅಂತ ಪೇಟೆಯಲ್ಲಿ ಕೂತು ಹೇಳುವವರನ್ನು ಆ ವಾರ ಕಳಸಕ್ಕೆ ತಂದು ಬಿಡಬೇಕಿತ್ತು. ಎಲ್ಲರ ಕೈಯಲ್ಲೂ ಮೊಬೈಲ್ ಇತ್ತು, ಟಾರ್ಚಿನ ಕೆಲಸಕ್ಕೆ. ಸೆಲ್ ಹಾಕಿದ ರೇಡಿಯೋ ಮಾತ್ರ ಮಾತಾಡುತ್ತಿತ್ತು.

ಅದೇ ವಾರ ಮೇಲಿನ ಆಫೀಸಿನವರು ಕೇಳಿದ್ದು, ನಿಮ್ಮ ಕಾರ್ಯಕ್ರಮಕ್ಕೆ ಎಷ್ಟು ಫೋನ್ ಬರುತ್ತಿವೆ ಅಂತ! ಸ್ಟೇಷನ್ನಿನ ಫೋನ್ ಮೂಲೆಯಲ್ಲಿ ತಣ್ಣಗೆ ಕೂತಿತ್ತು. ಸಾರ್ ಸತ್ಯವಂತರು, "ಒಂದೂ ಇಲ್ಲ" ಅಂತ ತಿಳಿಸಿಬಿಟ್ಟರು. ಫೋನ್ ಇಲ್ಲ ಅಂದರೆ ಕೇಳುಗರಿಲ್ಲ ಅಂತ ಅಲ್ಲಿಂದ ತೀರ್ಮಾನ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅಂದರಂತೆ, ಹಾಗಾಯಿತು.

"ಸಾರ್, ಸತ್ತಿರೋದು ಫೋನು. ಜನ ಅಲ್ಲ!" ಅಂತ ಕಿರುಚಿದೆ. ಸಾರ್ ತಲೆ ತಗ್ಗಿಸಿದರು.

ಫೋನ್ ಸತ್ತಾಗ ನನಗೆ ಸುದ್ದಿ ಸಿಗುತ್ತಿದ್ದದ್ದು ಬಸ್ಸಿನಲ್ಲಿ. ಕಳಸದಲ್ಲಿ ರಾತ್ರಿ ತಂಗುವ ಬಸ್ಸು ಬೆಳಗ್ಗೆ ಬಣಕಲ್‌ಗೆ ಬರುತ್ತದೆ. ಬಂದರೆ ಕಂಡಕ್ಟರ್ ಬಾಗಿಲಲ್ಲೇ ನೇತಾಡಿಕೊಂಡು ದಾರಿಯ ವರದಿ ಒಪ್ಪಿಸುತ್ತಾರೆ. ಬರಲಿಲ್ಲ ಅಂದರೆ ಅದೇ ವರದಿ. ಅವತ್ತು ಬಸ್ಸು ಬರಲಿಲ್ಲ. ಕೊಟ್ಟಿಗೆಹಾರದಿಂದ ಬಂದ ಹಾಲಿನ ವ್ಯಾನಿನವನು, ಗುಡ್ಡ ಜರಿದು ರಸ್ತೆ ಅರ್ಧ ಕೆಳಗೆ ಹೋಗಿದೆ, ಕಣ್ಣಾರೆ ಕಂಡೆ ಅಂದ. ಎಂಟೂವರೆಗೆ ಕೆಂಪು ದೀಪ ಹತ್ತಿದ ಕೂಡಲೇ ನಾನು ಮಳೆಯನ್ನೂ ಓದಲಿಲ್ಲ, ರೆಸಾರ್ಟಿನ ಹೆಸರನ್ನೂ ಓದಲಿಲ್ಲ. "ಕೊಟ್ಟಿಗೆಹಾರದ ದಾರಿಯಲ್ಲಿ ಗುಡ್ಡ ಜರಿದಿದೆ. ಕಳಸದ ಕಡೆಯವರು ಬಾಳೆಹೊನ್ನೂರಿನ ಮೇಲೆ ಬನ್ನಿ. ಪ್ರವಾಸಕ್ಕೆ ಹೊರಟವರು ದಯವಿಟ್ಟು ಮನೆಯಲ್ಲೇ ಇರಿ." ಇದನ್ನೇ ತಿರುಗಿಸಿ ತಿರುಗಿಸಿ ಓದಿದೆ, ಹೊತ್ತು ಮುಗಿಯುವವರೆಗೂ.

ಮಧ್ಯಾಹ್ನಕ್ಕೆ ಸಾಹುಕಾರರು ಸ್ಪಾನ್ಸರ್ ವಾಪಸ್ ತಗೊಂಡರು. ವಾರದ ಕೊನೆಗೆ ಆರ್ಡರ್ ಬಂತು, ಸೋಮವಾರದಿಂದ ಎಂಟೂವರೆಗೆ ರಾಜಧಾನಿಯ ಕಾರ್ಯಕ್ರಮ. ನನಗೆ ಡ್ಯೂಟಿ ಇಲ್ಲ. "ನಿಮ್ಮ ಹಟದಿಂದ ಹೀಗಾಯ್ತು ಮೇಡಂ" ಅಂದರು ಸಾರ್, ಸಿಟ್ಟಿನಿಂದಲ್ಲ, ನೋವಿನಿಂದ.

"ಹಟ ಅಲ್ಲ ಸಾರ್, ಕೆಲಸ" ಅಂತ ಹೇಳಿ ಕೊಡೆ ತಗೊಂಡು ಹೊರಟೆ. ಬಸ್ಸಿನಲ್ಲಿ ಅತ್ತುಬಿಟ್ಟೆ. ಅದನ್ನು ಯಾಕೆ ಮುಚ್ಚಿಡಲಿ?

ಸೋಮವಾರ ಎಂಟೂವರೆಗೆ ಅಂಗಡಿಯಲ್ಲಿ ರೇಡಿಯೋ ಹಾಕಿ ಕೂತೆ. ಹೊರಗೆ ಬಣಕಲ್ ಕಾಣದ ಹಾಗೆ ಮಳೆ ಹೊಯ್ಯುತ್ತಿದೆ, ಒಳಗೆ ಒಬ್ಬ ಹೆಂಗಸು ಜೇನಿನಂಥ ದನಿಯಲ್ಲಿ, ಟೆರೇಸಿನ ಮೇಲೆ ಟೊಮೇಟೊ ಬೆಳೆಯುವಾಗ ನೀರನ್ನು ಹೇಗೆ ಮಿತವಾಗಿ ಬಳಸಬೇಕು ಅಂತ ಹೇಳುತ್ತಿದ್ದಾಳೆ. ನೀರು ಸಾಲದಂತೆ! ನಮ್ಮ ಯಜಮಾನರು ನಗಲೋ ಬೇಡವೋ ಅಂತ ನನ್ನ ಮುಖ ನೋಡಿದರು. ನಾನು ರೇಡಿಯೋ ಆರಿಸಿದೆ.

ಅದೇ ವಾರದ ಕೊನೆಗೆ ಅಂಗಡಿಯ ಮುಂದೆ ಒಂದು ಜೀಪು ನಿಂತಿತು. ಕೆಸರು ಮೆತ್ತಿಕೊಂಡ ಒಬ್ಬ ಹೆಂಗಸು ಇಳಿದು ಬಂದು, ಗಿರಾಕಿಗಳ ಎದುರಿಗೇ ಕೇಳಿದರು, "ಎಲ್ಲಿ ಸತ್ತಿದ್ಯೇ ಮಾರಾಯ್ತಿ ನೀನು?"

ದನಿಯಿಂದ ಗುರುತು ಹಿಡಿದೆ. ಕಳಸದ ಅಮ್ಮ. ಮುಖ ನೋಡಿದ್ದು ಅವತ್ತೇ ಮೊದಲು. ರೇಡಿಯೋದವಳ ಅಂಗಡಿ ಎಲ್ಲಿ ಅಂತ ದಾರಿಯಲ್ಲಿ ಕೇಳಿಕೊಂಡು ಬಂದಿದ್ದರು.

ಒಂದು ಲೋಟ ನೀರು ಕುಡಿದು ಹೇಳಿದರು. ಸೋಮವಾರ ಆಸ್ಪತ್ರೆಗೆ ಹೋಗುವ ದಿನ. ಜೀಪು ಸ್ಟಾರ್ಟ್ ಮಾಡಿಟ್ಟು ರೇಡಿಯೋ ಹಾಕಿದ್ದಾರೆ. "ಯಾರೋ ಒಬ್ಳು ಟೊಮೇಟೊ ಟೊಮೇಟೊ ಅಂತಿದ್ಲು. ದಾರಿ ಹೆಸರು ಬರ್ಲಿಲ್ಲ. ಹೆಸರು ಬರ್ಲಿಲ್ಲ ಅಂದ್ರೆ ದಾರಿ ಸರಿ ಇದೆ ಅಂತ ತಾನೆ? ನೀನಿಲ್ಲ ಅಂತ ಅಲ್ಲ, ಎಲ್ಲಾ ಸರಿಯಾಗಿದೆ, ಹೇಳೋಕೇನೂ ಇಲ್ಲ, ಅದ್ಕೆ ಟೊಮೇಟೊ ಹಾಕಿದಾರೆ ಅಂದ್ಕೊಂಡು ಹೊರಟ್ವಿ." ಬಾಳೆಹೊನ್ನೂರಿನ ದಾರಿಯಲ್ಲಿ ದೊಡ್ಡ ಮರ ವಯರಿನ ಸಮೇತ ಅಡ್ಡ ಬಿದ್ದಿತ್ತು. ಹಿಂದೆ ಲಾರಿ, ಬಸ್ಸು ಸಾಲಾಗಿ ನಿಂತು ತಿರುಗಿಸುವುದಕ್ಕೂ ಆಗಲಿಲ್ಲ. ಸಂಜೆಯವರೆಗೆ ಮುದುಕರು ಜೀಪಿನಲ್ಲೇ ಒರಗಿದ್ದರು. ಮೈಯಲ್ಲಿ ನೀರು ತುಂಬಿ, ಉಸಿರು ಸಿಗದೆ, ಆಸ್ಪತ್ರೆ ಸೇರಿದಾಗ ಡಾಕ್ಟರ್ ಕೈಚೆಲ್ಲುವುದೊಂದು ಬಾಕಿ. ಹೇಗೋ ಉಳಿದರು. ಈಗ ಬಿಡಿಸಿಕೊಂಡು, ಕೊಟ್ಟಿಗೆಹಾರದ ದಾರಿಯಲ್ಲಿ ಜೀಪು ನುಸುಳುವಷ್ಟು ಮಣ್ಣು ತೆಗೆದಿದ್ದಾರೆ ಅಂತ ಕೇಳಿ, ಈ ಕಡೆಯಿಂದ ಊರಿಗೆ ಹೊರಟಿದ್ದಾರೆ.

ಜೀಪಿನ ಹತ್ತಿರ ಹೋಗಿ ನೋಡಿದೆ. ಸಣಕಲು ಮನುಷ್ಯ, ಕಂಬಳಿ ಹೊದ್ದು ಕೂತಿದ್ದಾರೆ, ಪಾದ ಊದಿ ಚಪ್ಪಲಿಗೆ ಹಿಡಿಸುತ್ತಿರಲಿಲ್ಲ. ನನ್ನನ್ನು ನೋಡಿ ನಕ್ಕರು. ಆ ನಗು ನೋಡಿ ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಯಾರ ಮೇಲೆ ಅಂತ ಆ ಕ್ಷಣ ಕೇಳಿದ್ದರೆ ಇಡೀ ಪ್ರಪಂಚದ ಮೇಲೆ ಅನ್ನುತ್ತಿದ್ದೆ.

"ಅಮ್ಮ, ಹತ್ತಿ. ಜೀಪು ತಿರುಗಿಸಿ" ಅಂದೆ. "ಎಲ್ಲಿಗೆ?" ಅಂದರು ಅಮ್ಮ. "ಸ್ಟೇಷನ್ನಿಗೆ."

ಮುದುಕರಿಗೆ ಆ ಪಾಚಿ ಮೆಟ್ಟಿಲು ಹತ್ತುವುದಾಗುತ್ತಿರಲಿಲ್ಲ. ನಾನೇ ಮೇಲೆ ಹೋಗಿ ಸಾರ್‌ನ ಕರೆದೆ. ಅವರು ಕೊಡೆ ಹಿಡಿದು ಜೀಪಿನ ಹತ್ತಿರ ಬಂದು ನಿಂತರು. ಅಮ್ಮ ಶುರು ಮಾಡಿದರು ನೋಡಿ, ಸಾರ್ ಅಷ್ಟು ಬೈಗುಳ ಇಡೀ ಸರ್ವೀಸಿನಲ್ಲಿ ತಿಂದಿರಲಿಕ್ಕಿಲ್ಲ. ತಡೆದುಕೊಂಡು, "ಒಂದು ಅರ್ಜಿ ಬರ್ಕೊಡಿ ಅಮ್ಮ, ಮೇಲಕ್ಕೆ ಕಳಿಸ್ತೀನಿ" ಅಂದರು.

ಆಗ ಮುದುಕರು ಮೊದಲ ಸಲ ಬಾಯಿ ತೆರೆದರು. ಕೂಗಲಿಲ್ಲ, ಕೂಗುವ ಉಸಿರು ಅವರಲ್ಲಿ ಇರಲಿಲ್ಲ. "ನಾನು ಸೋಮವಾರ ಮತ್ತೆ ಬರ್ಬೇಕು ಸಾರ್. ಯಾವ ದಾರೀಲಿ ಬರ್ಲಿ?"

ಸಾರ್ ಹಿಡಿದ ಕೊಡೆಯಿಂದ ನೀರು ಮುದುಕರ ಕಂಬಳಿಯ ಮೇಲೆ ಸುರಿಯುತ್ತಿತ್ತು, ಅದು ಕಂಡು ಕೊಡೆ ಸರಿಸಿದರು. ಆಮೇಲೆ ನನ್ನ ಕಡೆ ತಿರುಗಿ ಮೆಲ್ಲಗೆ ಅಂದರು, "ತುರ್ತು ಪ್ರಕಟಣೆ ಅಂತ ಒಂದಿದೆ ಮೇಡಂ. ಜನರ ಪ್ರಾಣಕ್ಕೆ ಅಪಾಯ ಅನ್ನಿಸಿದ್ರೆ ರಾಜಧಾನಿ ಕಾರ್ಯಕ್ರಮ ತುಂಡು ಮಾಡಿ ನಾವು ಮಾತಾಡ್ಬಹುದು. ಜವಾಬ್ದಾರಿ ನನ್ನದೇ ಆಗುತ್ತೆ."

"ಮಾಡಿ ಮತ್ತೆ!"

"ದಿನಾ ತುರ್ತು ಅಂದ್ರೆ ಮೇಲಿನವರು ಕೇಳಲ್ವಾ?"

"ಕೇಳ್ಲಿ" ಅಂದರು ಅಮ್ಮ. "ದಿನಾ ಕೇಳೋದು ಒಳ್ಳೇದೇ. ಇಷ್ಟು ವರ್ಷ ನಾವು ಕೇಳಿದೀವಲ್ಲ."

ಮಾರನೇ ದಿನದಿಂದ ನಾನು ಮತ್ತೆ ಮೊದಲ ಬಸ್ಸು ಹತ್ತಿದೆ. ಇದಕ್ಕೆ ಡ್ಯೂಟಿ ಲೆಕ್ಕ ಇಲ್ಲ, ಸಂಬಳ ಬರೆಯೋಕಾಗಲ್ಲ ಅಂತ ಸಾರ್ ಮೊದಲೇ ಹೇಳಿದ್ದರು. ಓದಿದೆ, ಪುಕ್ಕಟೆಯೇ ಓದಿದೆ. ಆದರೆ ಅದನ್ನು ದೊಡ್ಡತನ ಅಂತ ಯಾರೂ ಹೊಗಳಬೇಡಿ, ನನಗೆ ಮೈ ಉರಿಯುತ್ತದೆ. ನನ್ನ ಕೈಲಿ ಅಂಗಡಿ ಇದೆ, ಓದುತ್ತೇನೆ. ನಾಳೆ ನಾನು ಹಾಸಿಗೆ ಹಿಡಿದರೆ? ಊರ ಸಂಕ ಒಬ್ಬಳ ಬೆನ್ನಿನ ಮೇಲೆ ನಿಲ್ಲಬಾರದು. ಇದಕ್ಕೆ ದುಡ್ಡು ಕೊಡಬೇಕಾದವರು ಕೊಡಲೇಬೇಕು. ಕೊಡುವವರೆಗೆ ಕೇಳುತ್ತಲೇ ಇರುತ್ತೇನೆ, ಎಷ್ಟೇ ಗಂಟಲು ಕಟ್ಟಿದರೂ.

ಸೋಮವಾರ ಬಣಕಲ್‌ನಲ್ಲಿ ಕಳಸದ ಬಸ್ಸು ಬಂತು. ಕಂಡಕ್ಟರ್, "ಕೊಟ್ಟಿಗೆಹಾರದ ದಾರೀಲಿ ಮಣ್ಣು ತೆಗೆದಿದಾರೆ, ಒಂದ್ಕಡೆ ನಿಧಾನಕ್ಕೆ ಬರ್ಬೇಕು ಅಷ್ಟೆ, ಬಾಳೆಹೊನ್ನೂರಿನದ್ದು ಬೇಡವೇ ಬೇಡ" ಅಂದರು. ಎಂಟೂವರೆಗೆ ಜೇನಿನ ದನಿಯ ಹೆಂಗಸು ಬದನೆಕಾಯಿಗೆ ಬಂದಿದ್ದಳು. ಸಾರ್ ತಾವೇ ಕೂತು, ಅವಳನ್ನು ನಡು ವಾಕ್ಯದಲ್ಲಿ ತುಂಡು ಮಾಡಿ, ನನ್ನ ಮೈಕು ತೆರೆದರು. ನಾನು ಓದಿದೆ.

ಮಧ್ಯಾಹ್ನ ಮೇಲಿನ ಆಫೀಸಿನ ಮೆಮೊ ಬಂತು. ನಿಮ್ಮ ಕೇಂದ್ರದ ತುರ್ತು ಪರಿಸ್ಥಿತಿ ಯಾವಾಗ ಮುಗಿಯುತ್ತದೆ, ವಿವರಣೆ ಕೊಡಿ. ಸಾರ್ ಅದನ್ನು ಓದಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಏನಂತ ಬರೀಲಿ ಮೇಡಂ? ನನಗಿನ್ನೂ ಸರ್ವೀಸ್ ಇದೆ. ಮಗಳ ಮದುವೆ ಆಗ್ಬೇಕು." ಬೈದರೆ ಈ ಮನುಷ್ಯನಿಗೆ ಬೈಯಬೇಕು, ಬೈಯುವ ಮನಸ್ಸು ಬರಲಿಲ್ಲ.

ಅಷ್ಟು ದಿನ ಮೂಲೆಯಲ್ಲಿ ಸತ್ತು ಬಿದ್ದಿದ್ದ ಫೋನ್ ಆಗ ಹೊಡೆದುಕೊಂಡಿತು. ನಾನೇ ಎತ್ತಿದೆ. ಕಳಸದ ಅಮ್ಮ, ಚಿಕ್ಕಮಗಳೂರಿನ ಆಸ್ಪತ್ರೆಯಿಂದ.

"ಬಂದು ಮುಟ್ಟಿದ್ವಿ ಮಾರಾಯ್ತಿ. ಟೈಮಿಗೆ ಸರಿಯಾಗಿ. ಸೂಜಿ ಹಾಕಿದಾರೆ, ಮಲಗಿದಾರೆ." ದನಿ ಇಳಿಸಿದರು, ಅವರ ಮೆಲುದನಿಯನ್ನು ನಾನು ಅದುವರೆಗೆ ಕೇಳಿರಲಿಲ್ಲ. "ಗುರುವಾರಕ್ಕೆ ಯಾವ ದಾರಿ ಅಂತ ಈಗ್ಲೇ ಕೇಳ್ತಿದಾರೆ ಇವ್ರು. ಏನು ಹೇಳ್ಲಿ?"

ನಾನು ಫೋನನ್ನು ಸಾರ್ ಕೈಗೆ ಕೊಟ್ಟೆ. ಅವರು ಮೆಮೊವನ್ನು ನೋಡಿದರು, ನನ್ನನ್ನು ನೋಡಿದರು, ಕನ್ನಡಕ ಹಾಕಿಕೊಂಡರು.

"ಅಮ್ಮ, ಗುರುವಾರ ಎಂಟೂವರೆಗೆ ರೇಡಿಯೋ ಹಾಕಿ ಅಂತ ಹೇಳಿ ಅವರಿಗೆ. ನಾವು ಇರ್ತೀವಿ."